ಅತ್ತಿ ಮರದ ಕವೆಗೋಲು

ಅಕ್ಕನ ಮನೆಗೆ ಹೋದರೆ ನಾನು ಕವೆಗೋಲಾಗುತ್ತೇನೆ. ಇದನ್ನು ಉಪಮೆ ಎಂದುಕೊಳ್ಳಬೇಡಿ. ಅಮೃತಾಪುರದ ಅವಳ ಹಿತ್ತಲಲ್ಲಿ ಬಟ್ಟೆ ಒಣಹಾಕುವ ಹಗ್ಗವೊಂದಿದೆ. ಅದು ಜೋತುಬೀಳದಂತೆ ನಡುವೆ ಒಂದು ಕೋಲು ಆನಿಸಿದ್ದಾರೆ. ಕೋಲಿನ ತುದಿ ಎರಡಾಗಿ ಒಡೆದಿದೆ, ಆ ಕವಲಿನಲ್ಲಿ ಹಗ್ಗ ಕೂರುತ್ತದೆ. ಗಾಳಿ ಬಂದರೆ ಬೀಳುವುದು ಅದರ ಹುಟ್ಟುಗುಣ. ಹೋದ ವಾರವೂ ಬಿತ್ತು. ಕೂಸಿನ ಹತ್ತು ಬಟ್ಟೆ, ಭಾವನ ಎರಡು ಪಂಚೆ, ಅಕ್ಕನ ಒಂದು ಸೀರೆ ಇನ್ನೇನು ಮಣ್ಣಿಗೆ ತಾಗಬೇಕು, ನಾನು ಎದ್ದು ಓಡಿದೆ. ಕೋಲು ಕಾಲ ಬಳಿಯೇ ಬಿದ್ದಿತ್ತು. ಎತ್ತಿ ನಿಲ್ಲಿಸಲು ಮೂರು ಎಣಿಸುವಷ್ಟು ಹೊತ್ತು ಸಾಕಾಗಿತ್ತು.

"ಮುಟ್ಬೇಡ್ವೋ," ಎಂದು ಬಚ್ಚಲಿನಿಂದಲೇ ಕೂಗಿದಳು ಅಕ್ಕ. "ಹಗ್ಗ ಹಿಡ್ಕೊಂಡ್ ನಿಂತ್ಕೋ. ಕೂಸಿಗೆ ನೀರು ಹುಯ್ತಿದೀನಿ, ಬತ್ತೀನಿ."

ಕೂಸಿಗೆ ನೀರು ಹುಯ್ಯುವುದೆಂದರೆ ಎಣ್ಣೆ ತಿಕ್ಕಿ, ಮೂಗು ಎಳೆದು, ಅಳಿಸಿ, ಸಮಾಧಾನ ಮಾಡಿ, ಮತ್ತೆ ಅಳಿಸುವ ಕೆಲಸ. ಅಷ್ಟು ಹೊತ್ತೂ ನಾನು ಎರಡು ಕೈ ಮೇಲೆತ್ತಿ ನಿಂತಿರಬೇಕು. ಭಾವನ ಪಂಚೆಯ ನೀರು ತೊಟ್ಟಿಕ್ಕಿ ನನ್ನ ತೋಳಿನೊಳಗೆ ಇಳಿಯುತ್ತಿತ್ತು. ಬಿ.ಎಸ್ಸಿ. ಮುಗಿಸಿದ ಮನುಷ್ಯ ನಾನು. ಯಾಕೆ ಈ ಶಿಕ್ಷೆ ಎಂದರೆ, ಆ ಕೋಲು ಅತ್ತಿ ಮರದ್ದು. ನಮ್ಮ ಮನೆತನದವರು ಅತ್ತಿ ಮರ ಕಡಿಯುವಂತಿಲ್ಲ, ಅದರ ಸೌದೆ ಉರಿಸುವಂತಿಲ್ಲ, ಕೋಲು ಮುಟ್ಟುವಂತಿಲ್ಲ. ಅಕ್ಕ ಮುಟ್ಟಬಹುದು. ಅವಳು ಹೇಗೆ ಮುಟ್ಟಬಹುದಾಯಿತು ಎಂಬುದರಲ್ಲಿ ನನ್ನ ಮರ್ಯಾದೆಯ ಕೆಲವು ಭಾಗ ಸೇರಿಕೊಂಡಿರುವುದರಿಂದ ಸ್ವಲ್ಪ ಸುತ್ತು ಬಳಸಿಯೇ ಹೇಳುತ್ತೇನೆ. ಕೈ ಹೇಗೂ ಮೇಲಿದೆ, ಓಡಿಹೋಗಲಾರೆ.

ನನಗೆ ಬಾಯಿ ಬಂದಾಗಿನಿಂದಲೂ ಅದು ನನ್ನದಾಗಿ ಇದ್ದದ್ದು ಕಡಿಮೆ. ಅಜ್ಜಂಪುರದ ಸ್ಟೇಷನ್ ಮಾಸ್ತರರ ಕೆಮ್ಮು, ತರೀಕೆರೆ ಬಸ್ಸಿನ ಕಂಡಕ್ಟರು 'ರೈಟ್' ಅನ್ನುವಾಗ ಮೂಗಿನಿಂದ ಹೊರಡುವ ರಾಗ, ನಮ್ಮ ದೊಡ್ಡಪ್ಪನ ಆಕಳಿಕೆ, ಆ ಆಕಳಿಕೆಯ ಕೊನೆಗೆ ಬರುವ 'ಶಿವನೇ', ಎಲ್ಲವೂ ಅದರೊಳಗೆ ಬಾಡಿಗೆಗೆ ಇದ್ದವು. ನಿನ್ನ ಸ್ವಂತ ದನಿ ಯಾವುದಯ್ಯಾ ಎಂದರೆ ಸ್ವಲ್ಪ ಹುಡುಕಬೇಕು. ಹುಡುಕಿದರೂ ಸಿಕ್ಕುವುದು ಅಪ್ಪನದೇ. ಎಪ್ಪತ್ತರ ದಶಕ ಮುಗಿಯುತ್ತಿದ್ದ ಹೊತ್ತಿನಲ್ಲಿ ನಾನು ಅಜ್ಜಂಪುರದಲ್ಲಿ ರೈಲು ಹತ್ತಿ ಕಡೂರಿಗೆ ಕಾಲೇಜಿಗೆ ಹೋಗುತ್ತಿದ್ದೆ. ಅಲ್ಲಿ ನಮಗೊಬ್ಬರು ಬಯಾಲಜಿ ಮೇಷ್ಟ್ರಿದ್ದರು. ಪ್ರತಿ ಮಾತಿನ ಕೊನೆಗೂ "ತಿಳೀತಾ?" ಎಂದು ಕೇಳಿ, ನಮಗೆ ಉಸಿರೆಳೆಯಲೂ ಬಿಡದೆ "ತಿಳೀಲಿಲ್ಲ" ಎಂದು ಅವರೇ ಉತ್ತರ ಕೊಟ್ಟುಕೊಳ್ಳುತ್ತಿದ್ದರು. ಇಂಥ ಮನುಷ್ಯರನ್ನು ದೇವರು ನನಗಾಗಿಯೇ ಸೃಷ್ಟಿಸುತ್ತಾನೆ. ಒಂದು ದಿನ ಅವರು ಬರುವ ಮುಂಚೆ ಬೋರ್ಡಿನ ಮುಂದೆ ನಿಂತು ಅವರಾಗಿ, "ಮಂಗ ನಿಮ್ಮ ತಾತ ಅಲ್ಲ ಕಣ್ರಯ್ಯಾ, ದಾಯಾದಿ. ತಿಳೀತಾ? ತಿಳೀಲಿಲ್ಲ," ಎನ್ನುತ್ತಿದ್ದೆ. ಕ್ಲಾಸು ನಗುವುದು ಹಠಾತ್ತಾಗಿ ನಿಂತಿತು. ಹಿಂದೆ ಅವರು ನಿಂತಿದ್ದರು.

"ಮುಂದುವರ್ಸಪ್ಪಾ," ಎಂದರು. ನಾನು ಸೀಮೆಸುಣ್ಣ ಕೆಳಗಿಟ್ಟೆ.

"ದನಿ ಬಂದಿದೆ, ವಿಷಯ ಬಂದಿಲ್ಲ. ದಾಯಾದಿ ಹೆಂಗಾಗ್ತಾನೆ ಅಂತ ಒಂದು ಚಾರ್ಟ್ ಬರ್ಕೊಂಡ್ ಬಾ. ಪ್ರಾಣಿಗಳ ವಂಶವೃಕ್ಷ. ಎಗ್ಸಿಬಿಷನ್‌ಗೆ ಹಾಕೋಣ."

ಬರೆದೆ. ಎಂಟು ದಿನ ಬರೆದೆ. ಕೋಳಿಗೆ ಒಂದೊಂದೇ ಪುಕ್ಕ, ಮೊಸಳೆಗೆ ಹಲ್ಲು, ತಿಮಿಂಗಿಲದ ನೆತ್ತಿಯ ಮೇಲೆ ಕಾರಂಜಿ. ಮಂಗನಿಗೆ ನನ್ನ ಮುಖವೇ ಬಂದಿದೆಯೆಂದು ಗೆಳೆಯರು ಹೇಳಿದರು. ನಾನು ಒಪ್ಪಲಿಲ್ಲ, ಅಳಿಸಲೂ ಇಲ್ಲ. ಮೇಷ್ಟ್ರು ಚಾರ್ಟನ್ನು ಬಿಡಿಸಿ ಮೇಜಿನ ಮೇಲೆ ಹರಡಿ, ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡರು.

"ಇದು ಯಾವ ಮರ?"

"ವಂಶವೃಕ್ಷ ಸಾರ್."

"ತೆಂಗಿನ ಮರ ಕಣಯ್ಯಾ ಇದು."

ನೋಡಿದೆ. ತೆಂಗಿನ ಮರವೇ ಆಗಿತ್ತು. ಕಡೂರಿನ ಸೀಮೆಯಲ್ಲಿ ಬೆಳೆದವನಿಗೆ ಮರ ಬರೆ ಎಂದರೆ ಕೈ ತಾನಾಗಿಯೇ ಬರೆಯುವುದು ಅದನ್ನೇ. ನೆಟ್ಟಗೆ ಒಂದು ಕಾಂಡ, ನೆತ್ತಿಯಲ್ಲಿ ಒಂದೇ ಕಡೆಯಿಂದ ಹೊರಟ ಗರಿ, ಒಂದೊಂದು ಗರಿಯ ತುದಿಗೆ ಒಂದೊಂದು ಪ್ರಾಣಿ.

"ತೆಂಗಿನ ಮರಕ್ಕೆ ಕವಲು ಎಲ್ಲಿದೆ? ತುದೀಲಿ ಏನು ನೇತಾಕಿದೀಯ ಅನ್ನೋದಲ್ಲ ಮುಖ್ಯ. ಯಾವ್ದು ಯಾವ್ದರಿಂದ ಎಲ್ಲಿ ಬೇರೆ ಆಯ್ತು, ಅದು. ಇಬ್ರು ಎಷ್ಟು ಹತ್ರ ಅಂತ ತಿಳೀಬೇಕಾದ್ರೆ ಪಕ್ಕದಲ್ಲಿ ಯಾರು ಕೂತಿದಾರೆ ಅಂತ ನೋಡ್ಬಾರ್ದು. ಎರಡೂ ಕೊಂಬೆ ಹಿಡ್ಕೊಂಡು ಕೆಳಗಿಳೀಬೇಕು, ಎಲ್ಲಿ ಸೇರುತ್ತೋ ಅಲ್ಲಿ ನಿಲ್ಬೇಕು. ತಿಮಿಂಗಿಲಾನ ಮೀನಿನ ಪಕ್ಕ ಇಟ್ಟಿದೀಯ, ಅದು ಹಾಲು ಕುಡ್ಸುತ್ತಯ್ಯಾ, ಕೊಟ್ಟಿಗೆ ಕಡೆಯದು. ತಿಳೀತಾ?"

ತಿಳೀಲಿಲ್ಲ ಎಂದು ಅವರು ಹೇಳುವ ಮುಂಚೆ ನಾನೇ ಹೇಳಿಬಿಟ್ಟೆ. ಅವರದೇ ದನಿಯಲ್ಲಿ ಹೊರಟಿತು, ನನ್ನ ತಪ್ಪಲ್ಲ. ಚಾರ್ಟು ಸುರುಳಿಯಾಗಿ ನನ್ನ ಕಂಕುಳಿಗೆ ವಾಪಸು ಬಂತು.

ಮನೆಯಲ್ಲಿ ಅದನ್ನು ಬಿಡಿಸಿ ನೋಡಿದವನು ದೊಡ್ಡಪ್ಪ. ಅಪ್ಪನ ಅಣ್ಣ, ಮನೆಯ ಯಜಮಾನ, ಯಾರು ಬಂದರೂ ಕೂರು ಎನ್ನುವ ಮುಂಚೆ "ಬುಡ ಯಾವ್ದು?" ಎಂದು ಕೇಳುವ ಆಸಾಮಿ.

"ಇದ್ರಲ್ಲಿ ನಾವೆಲ್ಲಿದೀವ್ಲಾ?"

"ಇಲ್ಲಿ, ತುದೀಲಿ."

"ಪಕ್ಕದಲ್ಲಿ ಕೂತಿರೋನು?"

"ಚಿಂಪಾಂಜಿ. ಮಂಗನ ಜಾತಿ."

"ಅವನು ನಮ್ಗೆ ತಾತಾನೋ?"

"ಅಲ್ಲ ದೊಡ್ಡಪ್ಪ. ಅವನೂ ನಾವೂ ಈಗ ಇರೋರು. ಇಬ್ಬರಿಗೂ ಮೇಲೆ ಒಬ್ಬ ಹಳಬ ಇದ್ದ, ಅವನಿಂದ ಕವಲೊಡೆದ್ವು."

"ಅಂದ್ರೆ ದೊಡ್ಡಪ್ಪನ ಮಗ ಅನ್ನು. ಅಣ್ಣತಮ್ಮಂದಿರು. ಸದ್ಯ, ಹೆಣ್ಣು ತರೋಹಂಗಿಲ್ಲ," ಎಂದು ಎದ್ದು ಹೋದ.

ನಲವತ್ತು ಹುಡುಗರಿಗೆ ಮೇಷ್ಟ್ರು ಒಂದು ವಾರ ಹೇಳಿದರೂ ಹತ್ತದ್ದು ಈ ಮನುಷ್ಯನಿಗೆ ಎಲೆಯಡಿಕೆ ಮೆಲ್ಲುತ್ತಲೇ ಹತ್ತಿತು. ಹತ್ತದೆ ಏನು? ನಮ್ಮ ಒಕ್ಕಲು ಮನೆಗಳಲ್ಲಿ ಬೆಡಗು ಅಂತ ಒಂದಿದೆ. ಒಂದೇ ಬುಡದಿಂದ ಒಡೆದ ಮನೆಗಳೆಲ್ಲ ಒಂದು ಬೆಡಗು, ಎಲ್ಲರೂ ಅಣ್ಣತಮ್ಮಂದಿರು, ಅದರೊಳಗೆ ಹೆಣ್ಣು ಕೊಡುವ ತರುವ ಮಾತಿಲ್ಲ. ಯಾರ ಬುಡ ಯಾವುದು, ಯಾವ ತಲೆಮಾರಿನಲ್ಲಿ ಯಾವ ಮನೆ ಒಡೆಯಿತು ಎಂದು ನೆನಪಿಟ್ಟುಕೊಳ್ಳುವುದಕ್ಕೇ ಹೆಳವರೆಂಬ ಜನ ಇದ್ದಾರೆ. ನಮ್ಮ ಹೆಳವ ಎರಡು ಮೂರು ವರ್ಷಕ್ಕೊಮ್ಮೆ, ಸುಗ್ಗಿ ಮುಗಿದ ಮೇಲೆ ಬರುತ್ತಿದ್ದ. ಎತ್ತಿನ ಮೇಲೆ ಕಾಲು ಮಡಚಿ ಕೂತು, ಕೈಯಲ್ಲೊಂದು ಗಂಟೆ ಹಿಡಿದು, ಮೂಲಪುರುಷನಿಂದ ಹಿಡಿದು ಮೊನ್ನೆ ಹುಟ್ಟಿದ ಕೂಸಿನವರೆಗೆ ರಾಗವಾಗಿ ಹೇಳಿಕೊಂಡು ಬರುತ್ತಿದ್ದ. ನಮ್ಮದು ಮುಗಿದ ಮೇಲೆ ಎತ್ತು ತಿರುಗಿಸುತ್ತಾ ಮುಂದೆ ಹೋಗಲಿರುವ ಮನೆಯ ಮೊದಲ ಹೆಸರನ್ನು ಹಾಡಿಕೊಂಡೇ ಹೊರಡುವುದು ಅವನ ಪದ್ಧತಿ. ಮುಂದೆ ಎಲ್ಲಿಗೆ ಹೋಗುತ್ತಾನೆಂದು ಊರಿಗೆ ಗೊತ್ತಾಗಲಿ ಅಂತ.

ಅವನು ಹೋದ ಸಂಜೆಯೇ ನಾನು ಹೆಳವನಾದೆ. ಕಟ್ಟೆಯ ಮೇಲೆ ಕಾಲು ಮಡಚಿ ಕೂತು ಅವನ ಮೂಗಿನ ರಾಗ, ಹೆಸರು ಮರೆತಾಗಿನ ಗೊರಗೊರ, ಎತ್ತು ಸಗಣಿ ಹಾಕಿದಾಗ ರಾಗ ಬಿಡದೆಯೇ ಪಕ್ಕಕ್ಕೆ ಸರಿಯುವ ಚಂದ, ಎಲ್ಲ ತಂದೆ. ಗಂಟೆಯನ್ನೂ ಬಾಯಲ್ಲೇ ತಂದೆ, ಠಣ್. ಊರು ಬಿದ್ದು ಬಿದ್ದು ನಕ್ಕಿತು. ನಗು ಎಲ್ಲಿ ಬಂತೋ ಅಲ್ಲೆಲ್ಲ ಇನ್ನೊಂದು ಠಣ್ ಸೇರಿಸಿದೆ. ಎಲ್ಲಿ ಬರಲಿಲ್ಲವೋ ಅಲ್ಲಿ ಇದ್ದದ್ದನ್ನೂ ಬಿಟ್ಟೆ. ಆ ಗಂಟೆಗೊಂದು ಲೆಕ್ಕವಿದೆ ಎಂದು, ಕವಲೊಡೆದಲ್ಲಿ ಒಂದು ಸಲ, ಬುಡವೇ ಬೇರೆಯಾದಲ್ಲಿ ಎರಡು ಸಲ ಬಾರಿಸುತ್ತಾನೆ ಎಂದು ನನಗೆ ಯಾರೂ ಹೇಳಿರಲಿಲ್ಲ. ಕೇಳಿಯೂ ಇರಲಿಲ್ಲ. ಅಣಕಿಸುವವನಿಗೆ ಅರ್ಥ ಯಾಕೆ?

ಅದೇ ವರ್ಷ ನಮ್ಮ ಹಸುವಿಗೆ ಕೆಚ್ಚಲು ಬಾವು ಬಂತು. ದನದ ಆಸ್ಪತ್ರೆಯಿಂದ ಮಂಜಪ್ಪನೆಂಬ ಕಾಂಪೌಂಡರು ಬಂದ. ಅಕ್ಕ ಸರೋಜ ಹಸುವಿನ ಕೊಂಬು ಹಿಡಿದುಕೊಂಡಳು, ಅವನು ಇಂಜೆಕ್ಷನ್ ಕೊಟ್ಟ. ಹಸು ಗುಣವಾದ ಮೇಲೂ ಮೂರು ಸಲ ಬಂದು ನೋಡಿಕೊಂಡು ಹೋದ. ಮೂರು ಸಲವೂ ಅಕ್ಕ ಕೊಂಬು ಹಿಡಿದುಕೊಂಡಳು, ಇಂಜೆಕ್ಷನ್ ಇರಲಿಲ್ಲ. ನಾಲ್ಕನೆಯ ಸಲ ಅವನ ತಾಯಿ ಹಾಲಮ್ಮ ಅಮೃತಾಪುರದಿಂದ ಹೆಣ್ಣು ಕೇಳುವುದಕ್ಕೇ ಬಂದರು. ಎಲ್ಲರಿಗೂ ಒಪ್ಪಿಗೆ. ಉಳಿದದ್ದು ದೊಡ್ಡಪ್ಪನ ಒಂದೇ ಪ್ರಶ್ನೆ. "ಬುಡ ಯಾವ್ದು?"

ಹಾಲಮ್ಮನಿಗೆ ಗೊತ್ತಿರಲಿಲ್ಲ. ಗಂಡ ಬೇಗ ತೀರಿಕೊಂಡಿದ್ದರು. ಮಾವ ಕಲ್ಲಪ್ಪ ಎಲ್ಲಿಂದಲೋ ಊರು ಬಿಟ್ಟು ಬಂದು ಅಲ್ಲಿ ನೆಲೆನಿಂತವರು. "ನಮ್ಮ ತವರಿಂದು ಕೇಳಿದ್ರೆ ಹೇಳ್ತೀನಿ ಕಣಪ್ಪ, ಇವ್ರದು ನಂಗ್ ಯಾರೂ ಹೇಳ್ಲಿಲ್ಲ. ಹೆಳವನೂ ನಮ್ಮನೇಲಿ ಮಾವನ ಹೆಸ್ರಿಂದ್ಲೇ ಶುರು ಮಾಡ್ತಾನೆ," ಎಂದರು. ಹೆಳವನನ್ನೇ ಕೇಳಬೇಕು. ಹೆಳವ ಹೋಗಿ ಎರಡು ತಿಂಗಳಾಗಿತ್ತು.

ಆಗ ಅಪ್ಪ ನಗುತ್ತಾ, "ನಮ್ಮನೇಲೇ ಒಬ್ಬ ಹೆಳವ ಇದಾನಲ್ಲ," ಎಂದ. ಎಲ್ಲರೂ ನನ್ನ ಕಡೆ ತಿರುಗಿದರು. ಬೀಗರಾಗುವವರ ಮುಂದೆ ಕಲೆ ತೋರಿಸುವ ಅವಕಾಶ. ನಾನು ಬಿಡುವವನೇ? ಕಾಲು ಮಡಚಿ ಕೂತೆ. ಮೂಲಪುರುಷನಿಂದ ಎತ್ತಿಕೊಂಡೆ. ಹಾಲಮ್ಮ ಸೆರಗು ಬಾಯಿಗಿಟ್ಟು ನಕ್ಕರು, ಮಂಜಪ್ಪ ನಕ್ಕ, ಅಕ್ಕ ಬಾಗಿಲ ಹಿಂದೆ ನಕ್ಕದ್ದು ಬಳೆಯಲ್ಲಿ ಕೇಳಿಸಿತು. ಅಪ್ಪನ ಹೆಸರು ಬಂತು, ನನ್ನ ಹೆಸರು ಬಂತು, ಅದೇ ಉಸಿರಿನಲ್ಲಿ "ಅಮೃತಾಪುರದಾಗೆ ಕಲ್ಲಪ್ಪ" ಎಂದು ಎಳೆದು ನಿಲ್ಲಿಸಿ ಚಪ್ಪಾಳೆಗೆ ಕಾದೆ.

ದೊಡ್ಡಪ್ಪ ನಗುತ್ತಿರಲಿಲ್ಲ.

"ಗಂಟೆ ಬಾರಿಸ್ಲಿಲ್ಲ," ಎಂದ. "ನಮ್ಮ ಹೆಸ್ರು ಆದ್ಮೇಲೆ ಗಂಟೆ ಇಲ್ದೆ ಅವರ ಹೆಸ್ರು ಬಂತು. ಒಂದೇ ಬುಡ. ತಾಯಿ, ತಪ್ಪು ತಿಳ್ಕೋಬೇಡಿ. ನಿಮ್ಮ ಮಗ ಇವಳಿಗೆ ಅಣ್ಣ ಆಗ್ಬೇಕು."

ಹಾಲಮ್ಮ ತಟ್ಟೆಯಲ್ಲಿದ್ದ ಉಪ್ಪಿಟ್ಟನ್ನು ಹಾಗೇ ಬಿಟ್ಟು ಎದ್ದರು. ಬಳೆಯ ಸದ್ದು ನಿಂತಿತ್ತು.

ನಾನು ಆ ಸಂಜೆಯೇ ದೊಡ್ಡಪ್ಪನ ಕಾಲು ಹಿಡಿದೆ. ಗಂಟೆಯ ಲೆಕ್ಕ ನನಗೆ ಗೊತ್ತಿಲ್ಲ, ನಗಿಸುವುದಕ್ಕೆ ಎಲ್ಲೆಂದರಲ್ಲಿ ಬಾರಿಸಿದೆ, ಎಲ್ಲೆಂದರಲ್ಲಿ ಬಿಟ್ಟೆ ಎಂದೆ.

"ಆಗ ಹೆಳವನ ಬಾಯಲ್ಲಿ ಹೇಳ್ದೆ, ಈಗ ನಿನ್ನ ಬಾಯಲ್ಲಿ ಹೇಳ್ತೀಯ," ಎಂದ ದೊಡ್ಡಪ್ಪ. "ಅಕ್ಕನ ಮೇಲಿನ ಆಸೆಗೆ ಹೇಳ್ತಿದೀಯೋ ಏನೋ. ಯಾವ ಬಾಯಿ ನಂಬ್ಲಿ? ಮನೆದೇವ್ರೂ ಒಂದೇ ಅಂತೆ, ಇಬ್ರದೂ ವೀರಭದ್ರ."

ಅಕ್ಕ ನನ್ನ ಜೊತೆ ಮಾತು ಬಿಟ್ಟಳು. ಬಡಿಸುವುದು ಬಿಡಲಿಲ್ಲ, ಆದರೆ ನನ್ನ ತಟ್ಟೆಯ ಮುದ್ದೆ ದಿನದಿನಕ್ಕೂ ಕುಗ್ಗುತ್ತಾ ನಿಂಬೆಹಣ್ಣಿನ ಗಾತ್ರಕ್ಕೆ ಬಂತು. ಅವಳನ್ನು ನಗಿಸಲು ಕಂಡಕ್ಟರನನ್ನು ತಂದೆ, ಸ್ಟೇಷನ್ ಮಾಸ್ತರರನ್ನು ತಂದೆ. ಒಂದು ದಿನ ಬಾಯಿ ಬಿಟ್ಟಳು. "ನಿನ್ನ ಬಾಯಲ್ಲಿ ಊರೋರೆಲ್ಲ ಮಾತಾಡ್ತಾರೆ ಕಣೋ. ಅಷ್ಟು ಜನದಾಗೆ ನನ್ನ ಪರ ಒಬ್ರೂ ಇರ್ಲಿಲ್ವಲ್ಲ."

ಹೆಳವನನ್ನು ಹುಡುಕಿ ಹೊರಟೆ. ಎತ್ತು ಮೇಯಿಸಲು ಎಮ್ಮೆದೊಡ್ಡಿಯ ಕಾವಲಿನ ಕಡೆ ಬಿಡಾರ ಹಾಕಿದ್ದಾನೆಂದು ಯಾರೋ ಹೇಳಿದರು. ಒಂದು ಬಸ್ಸು ಕೆಟ್ಟಿತು, ಇನ್ನೊಂದು ಬರಲೇ ಇಲ್ಲ, ನಡೆದೆ. ಕಾವಲಿನಲ್ಲಿ ಅಮೃತಮಹಲ್ ದನಗಳು ಕೊಂಬೆತ್ತಿ ನನ್ನ ಬುಡ ಯಾವುದೆಂದು ಕೇಳುವಂತೆ ನೋಡಿದವು. ದನ ಕಾಯುವವನೊಬ್ಬ, "ಹೆಳವನಾ? ನಿನ್ನೆ ಹೋದ್ನಲ್ಲ, ಹೊಸದುರ್ಗದ ಕಡೀಗೆ," ಎಂದ. ನಾನು ಅವನನ್ನು ಅಣಕಿಸಲೂ ಇಲ್ಲ. ಅಷ್ಟು ಸೋತಿದ್ದೆ.

ಮರುದಿನ ಕಾಲೇಜಿನಲ್ಲಿ ಮೇಷ್ಟ್ರು ತಿದ್ದಿ ಬರೆದ ಚಾರ್ಟು ಎಲ್ಲಿ ಎಂದರು. ಎರಡನೆಯ ಚಾರ್ಟಿನಲ್ಲಿ ಕವಲುಗಳಿದ್ದವು, ಆದರೆ ಎಲ್ಲವೂ ನನ್ನ ಊಹೆ. ಬುಡದಲ್ಲಿದ್ದವನನ್ನು ಕಂಡವರೇ ಇಲ್ಲವಲ್ಲ ಸಾರ್, ಹೇಳುವ ಹೆಳವನೂ ಇಲ್ಲ, ಎಲ್ಲಿ ಕವಲೊಡೆಯಿತು ಅಂತ ಹೇಗೆ ಬರೆಯಲಿ ಎಂದೆ. ಕಣ್ಣಲ್ಲಿ ನೀರು ಬಂದಿತ್ತು. ವಂಶವೃಕ್ಷಕ್ಕಾಗಿ ಅತ್ತ ಹುಡುಗನನ್ನು ಅವರು ಮೊದಲ ಸಲ ನೋಡಿದ್ದಿರಬೇಕು, ಮೆತ್ತಗಾದರು.

"ಈಗ ಇರೋವ್ರ ಮೈ ಓದ್ಬೇಕಪ್ಪಾ. ಹಳಬನ ಗುರುತು ಮೈಮೇಲೆ ಉಳ್ದಿರುತ್ತೆ, ಅವಕ್ಕೇ ಗೊತ್ತಿಲ್ದೆ ಉಳ್ದಿರುತ್ತೆ. ಎಲ್ರಿಗೂ ಇರೋ ಗುರುತು ಲೆಕ್ಕಕ್ಕಿಲ್ಲ. ಕಪ್ಪೆಗೂ ಬೆನ್ನುಮೂಳೆ ಇದೆ, ನಿನಗೂ ಇದೆ, ಅಂತ ನೀನು ಮಂಗನಿಗಿಂತ ಕಪ್ಪೆಗೆ ಹತ್ರ ಆದೆಯಾ? ಒಂದು ಕವಲಿನವ್ರಲ್ಲಿ ಮಾತ್ರ ಇದ್ದು ಬೇರೆಯವ್ರಲ್ಲಿ ಇಲ್ದೆ ಇರೋದು ಯಾವ್ದು, ಅದನ್ನ ಹುಡುಕು."

ವೀರಭದ್ರ ಅರ್ಧ ತಾಲ್ಲೂಕಿನ ಮನೆದೇವರು. ಅಂದರೆ ಬೆನ್ನುಮೂಳೆ. ಅದನ್ನು ಆಚೆಗಿಟ್ಟೆ. ನಮಗೆ ಮಾತ್ರ ಇರುವುದೇನು? ನಮ್ಮ ಬೆಡಗಿನ ಹೆಸರೇ ಅತ್ತಿ, ಅದನ್ನು ಮುಟ್ಟಬಾರದು ಎಂಬುದು. ಕ್ಲಾಸು ಬಿಟ್ಟವನೇ ಅಮೃತಾಪುರದ ಬಸ್ಸು ಹತ್ತಿದೆ.

ಹಾಲಮ್ಮ ಹಿತ್ತಲಲ್ಲಿ ಬಟ್ಟೆ ಹರವುತ್ತಿದ್ದರು. ನನ್ನನ್ನು ಕಂಡು ಮುಖ ಬಿಗಿಯಿತು. ನಾನು ಅವರ ಮುಖ ನೋಡುತ್ತಿರಲಿಲ್ಲ, ಹಗ್ಗಕ್ಕೆ ಆನಿಸಿದ್ದ ಕೋಲು ನೋಡುತ್ತಿದ್ದೆ.

"ಇದು ಯಾವ ಮರದ್ದಮ್ಮ?"

"ಅತ್ತೀದು. ನಮ್ಮ ಯಜಮಾನ್ರು ಕಡ್ದು ಮಾಡಿದ್ದು. ಹಗುರ, ಬಿದ್ರೂ ತಲೆ ಒಡ್ಯಲ್ಲ. ಯಾಕಪ್ಪ?"

ಒಂದು ಕವೆಗೋಲನ್ನು ಕಂಡು ಅಷ್ಟು ಸಂತೋಷಪಟ್ಟವರು ಈ ಮೂರು ತಾಲ್ಲೂಕಿನಲ್ಲಿ ಇನ್ನೊಬ್ಬರಿಲ್ಲ. ಓಡೋಡಿ ಬಂದು ದೊಡ್ಡಪ್ಪನಿಗೆ ಹೇಳಿದೆ. ಅವನು ಅಡಿಕೆ ಕತ್ತರಿಸುತ್ತಾ ಕೇಳಿದ.

"ಬಿಟ್ಟಿರ್ಬೌದು," ಎಂದ. "ಊರು ಬಿಟ್ಟೋರು ಆಚಾರಾನೂ ಬಿಡ್ತಾರೆ. ನಿನ್ನ ಚಾರ್ಟ್‌ನಾಗೆ ಹಾವಿಗೆ ಕಾಲಿಲ್ಲ, ಆದ್ರೂ ಕಾಲಿರೋ ಓತಿಕ್ಯಾತನ ಪಕ್ಕದ ಕೊಂಬೇಲಿ ಕೂರ್ಸಿದೀಯ. ಯಾಕ್ಲಾ ಅಂದ್ರೆ, ಕಾಲು ಇತ್ತು, ಬಿಟ್ಟೋಯ್ತು ಅಂದೆ. ಇಲ್ದೆ ಇರೋದು ಸಾಕ್ಷಿ ಅಲ್ಲ. ಇರೋದು ತೋರ್ಸು."

ನನ್ನ ಚಾರ್ಟಿನಿಂದಲೇ ನನಗೆ ಹೊಡೆದ. ತಲೆ ಚಚ್ಚಿಕೊಳ್ಳೋಣವೆಂದರೆ ಹತ್ತಿರದಲ್ಲಿದ್ದದ್ದು ಅವನ ಅಡಕತ್ತರಿ ಮಾತ್ರ. ನಾನು ಹೋಗಿ ಜಗಲಿಯ ಮೂಲೆಯಲ್ಲಿ ಕೂತೆ. ಒಳಗೆ ಅಕ್ಕ ನೆಲ ಸಾರಿಸುತ್ತಿದ್ದಳು. ಸಾರಿಸಿದ ಜಾಗವನ್ನೇ ಮತ್ತೆ ಸಾರಿಸುತ್ತಿದ್ದಳು. ದೊಡ್ಡಪ್ಪ ಅದನ್ನು ಸ್ವಲ್ಪ ಹೊತ್ತು ನೋಡಿ, ಗೂಟದಲ್ಲಿದ್ದ ಟವಲು ಹೆಗಲಿಗೆ ಹಾಕಿಕೊಂಡ.

"ನಾಳೆ ಮೊದಲ್ನೇ ಬಸ್ಸಿಗೆ ಎದ್ದೇಳು. ನಾನೇ ನೋಡ್ತೀನಿ."

ಅಮೃತಾಪುರದಲ್ಲಿ ದೊಡ್ಡಪ್ಪ ಕವೆಗೋಲನ್ನು ಮುಟ್ಟದೆ ಮೂರು ಸುತ್ತು ಬಂದ. ಹಾಲಮ್ಮ ಹಳೆಯದನ್ನೆಲ್ಲ ಬಿಟ್ಟು ಊಟಕ್ಕೆ ಎಬ್ಬಿಸಿದರು. ಮುದ್ದೆ ಮುರಿಯುತ್ತಾ ದೊಡ್ಡಪ್ಪ ಸುಮ್ಮನೆ ಮಾತಿಗೆ ಎಂಬಂತೆ, "ಹಿತ್ತಲಾಗೆ ತರಕಾರಿ ಚೆನ್ನಾಗಿ ಮಾಡಿದೀರಿ ತಾಯಿ. ಅವರೆ, ಹೀರೆ, ಕುಂಬಳ. ಸೋರೆ ಒಂದು ಕಾಣ್ಲಿಲ್ಲ," ಎಂದ.

"ಅದನ್ನ ಒಳಗೆ ತರಲ್ಲ ಕಣಪ್ಪ. ಹಾಕಲ್ಲ, ಕೊಯ್ಯಲ್ಲ, ತಿನ್ನಲ್ಲ. ನಾನು ಮದ್ವೆಯಾಗಿ ಬಂದ ಹೊಸದ್ರಾಗೆ ನಮ್ಮತ್ತೆ ಹೇಳಿದ್ರು. ಯಾಕೆ ಅಂತ ನಾನೂ ಕೇಳ್ಲಿಲ್ಲ, ಅವ್ರೂ ಹೇಳ್ಲಿಲ್ಲ."

ದೊಡ್ಡಪ್ಪನ ಕೈ ಸಾರಿನ ಮೇಲೆ ನಿಂತಿತು. ಹೋದ ವಾರವಷ್ಟೇ ನಮ್ಮ ಮನೆಯಲ್ಲಿ ಸೋರೆಕಾಯಿ ಸಾರು ಮಾಡಿದ್ದರು, ಅವನು ಎರಡು ಸಲ ಹಾಕಿಸಿಕೊಂಡಿದ್ದ. "ತರೀಕೆರೆ ಆಚೆಗೆ ಸೋರೆ ಬೆಡಗಿನೋರು ಇದಾರೆ," ಎಂದು ತನಗೇ ಹೇಳಿಕೊಂಡ. "ಅವ್ರು ಬಿಟ್ರೆ ನಮ್ಮ ಜನದಾಗೆ ಇನ್ಯಾರೂ ಸೋರೆ ಬಿಡಲ್ಲ. ನಿಮ್ಮ ಮಾವನೋರು ಅಲ್ಲಿಂದ ಕವಲೊಡೆದು ಬಂದೋರು." ಆಮೇಲೆ ನನ್ನ ಕಡೆ ತಿರುಗಿ, "ಲೇ, ಇದು ಇರೋದು. ಇದು ಸಾಕ್ಷಿ. ಬುಡ ಬೇರೆ, ನೆಂಟ್ರಾಗ್ಬೌದು. ತಿಳೀತಾ?"

ತಿಳೀತು ಎಂದೆ. ಯಾರ ದನಿಯಲ್ಲಿ ಎಂದು ನೆನಪಿಲ್ಲ.

ಆ ವಾರವೇ ಮೂರನೆಯ ಚಾರ್ಟು ಬರೆದೆ. ಪ್ರಾಣಿಗಳು ಚೆನ್ನಾಗಿ ಬರಲಿಲ್ಲ, ತಿಮಿಂಗಿಲ ಕುಂಬಳಕಾಯಿಯಂತಿತ್ತು. ಮೇಷ್ಟ್ರು ಅದನ್ನೇ ಗೋಡೆಗೆ ಹಾಕಿಸಿದರು. ಮದುವೆಯಾದ ಮರುವರ್ಷ ಹೆಳವ ಬಂದ. ನನ್ನ ಹೆಸರು ಹೇಳಿ, ಗಂಟೆಯನ್ನು ಎರಡು ಸಲ ಸ್ಪಷ್ಟವಾಗಿ ಬಾರಿಸಿ, ಆಮೇಲೆ "ಅಮೃತಾಪುರದಾಗೆ ಕಲ್ಲಪ್ಪ" ಎಂದ. ದೊಡ್ಡಪ್ಪ ಮೀಸೆ ಸವರಿಕೊಂಡು, "ನಂಗೆ ಮೊದ್ಲೇ ಗೊತ್ತಿತ್ತು," ಎಂದ. ಇಂಥವರ ನಡುವೆ ನಾನು ಬಾಳುತ್ತಿದ್ದೇನೆ.

ಹೋದ ವಾರ ಹಿತ್ತಲಲ್ಲಿ ನನ್ನ ಕೈ ಎರಡೂ ಜೋಮು ಹಿಡಿದ ಮೇಲೆ ಅಕ್ಕ ಕೂಸನ್ನು ಸೊಂಟಕ್ಕಿಟ್ಟುಕೊಂಡು ಬಂದಳು. ಬಗ್ಗಿ ಕೋಲು ಎತ್ತಿ, ಕವಲಿಗೆ ಹಗ್ಗ ಕೂರಿಸಿ, "ಈಗ ಬಿಡು," ಎಂದಳು.

"ಒಂದೇ ಹೊಟ್ಟೇಲಿ ಹುಟ್ಟಿದ್ದು ನಾವು," ಎಂದೆ. "ನೀನು ಮುಟ್ಟಬಹುದು, ನಾನು ಮುಟ್ಟಬಾರ್ದು. ಯಾವ ನ್ಯಾಯ ಇದು?"

"ನಾನೀಗ ಸೋರೆಯವ್ಳು ಕಣೋ. ನೀನು ಅತ್ತಿಯವ್ನು."

"ನಮ್ಮಮ್ಮ ಮಾಡೋ ಸೋರೆಕಾಯಿ ಸಾರು ಅಂದ್ರೆ ಪ್ರಾಣ ಬಿಡ್ತಿದ್ದೆ ನೀನು."

"ಹೂಂ," ಎಂದಳು. ಒದ್ದೆ ಬಟ್ಟೆಯೊಂದನ್ನು ಕೊಡವಿ, ಹರವದೆ ಕೈಯಲ್ಲೇ ಹಿಡಿದು ನಿಂತಳು. "ವಾಸನೆ ಮರ್ತೋಗಿಲ್ಲ."

ಹಗ್ಗದ ಆ ಕಡೆ ಅವಳು, ಈ ಕಡೆ ನಾನು, ನಡುವೆ ನಾನು ಮುಟ್ಟಬಾರದ ಕವಲು. ಏನಾದರೂ ಹೇಳಬೇಕಿತ್ತು. ಕಂಡಕ್ಟರು, ಸ್ಟೇಷನ್ ಮಾಸ್ತರರು, ಮೇಷ್ಟ್ರು, ಯಾರ ಬಳಿಯೂ ಅದಕ್ಕೆ ಮಾತಿರಲಿಲ್ಲ. ಬಾಯಲ್ಲಿ ಮೆಲ್ಲಗೆ ಗಂಟೆ ಬಾರಿಸಿದೆ. ಠಣ್. ಠಣ್.

ಅಕ್ಕ ನಕ್ಕಳು. ನಗುತ್ತಲೇ ಸೆರಗಿನಿಂದ ಕಣ್ಣೊರೆಸಿಕೊಂಡು, "ಈ ಸಲ ಸರಿಯಾದ ಜಾಗದಾಗೆ ಬಾರಿಸ್ದೆ ನೋಡು," ಎಂದಳು.

ಕೂಸು ನನ್ನ ಬಾಯನ್ನೇ ನೋಡುತ್ತಿತ್ತು. ಇನ್ನೊಂದು ಸಲ ಬಾರಿಸು ಎನ್ನುವಂತೆ ಕೈ ಚಾಚಿತು. ನಗುವವರು ಎದುರಿಗೇ ಇದ್ದರು, ಬಾಯಿಯೂ ತುರಿಸಿತು. ಬಾರಿಸಲಿಲ್ಲ.